ಒಬ್ಬರೇ ಡೈರೆಕ್ಟರ್ ಜೊತೆ ಇದ್ದರೆ ಕೈ ಕಟ್ಟಿಹೋಗಲ್ವಾ ಸರ್?

ಎಡಿಟಿಂಗ್ ಕಲಿಯಲು ಬರುವ ಹುಡುಗರು ತಿಂಗಳಿಗೆ ಒಮ್ಮೆಯಾದರೂ ಇದನ್ನು ಕೇಳುತ್ತಾರೆ. ಒಬ್ಬರ ಜೊತೆಗೇ ಮೂರು ನಾಲ್ಕು ಸಿನಿಮಾ ಮಾಡಿದರೆ "ಇವನು ಅವರ ಕಡೆಯವನು" ಅಂತ ಹೆಸರು ಬಿದ್ದುಹೋಗುತ್ತದೆ, ಆಮೇಲೆ ಎಲ್ಲ ಥರದ ಕೆಲಸ ಕಲಿಯೋದು ಯಾವಾಗ? ಇದು ಅವರ ಭಯ.

ನಾನು ಪ್ರತಿ ಸಲ ಒಂದೇ ಹೆಸರು ಹೇಳುತ್ತೇನೆ. ಕೆನಡಾದ ಎಡಿಟರ್ ರೊನಾಲ್ಡ್ ಸ್ಯಾಂಡರ್ಸ್. ಯಾರೂ ಕೇಳಿರುವುದಿಲ್ಲ. ಅವರ ಡೈರೆಕ್ಟರ್ ಡೇವಿಡ್ ಕ್ರೋನೆನ್‌ಬರ್ಗ್ ಅಂದಾಗ "ಓ, ಆ ನೊಣದ ಸಿನಿಮಾದವರಾ!" ಅನ್ನುತ್ತಾರೆ. ಹೌದು, 1986ರ 'ದಿ ಫ್ಲೈ'. ಅದನ್ನು ಎಡಿಟ್ ಮಾಡಿದ್ದು ಸ್ಯಾಂಡರ್ಸ್. ಇವರಿಬ್ಬರ ನಂಟು ಶುರುವಾದದ್ದು 1979ರಲ್ಲಿ, 'ಫಾಸ್ಟ್ ಕಂಪನಿ' ಎಂಬ ಕಾರ್ ರೇಸಿನ ಚಿತ್ರದಿಂದ. 2014ರ 'ಮ್ಯಾಪ್ಸ್ ಟು ದಿ ಸ್ಟಾರ್ಸ್' ತನಕ ಹೆಚ್ಚೂಕಡಿಮೆ ಪ್ರತಿ ಚಿತ್ರಕ್ಕೂ ಇವರೇ. 35 ವರ್ಷ!

ಕೈ ಕಟ್ಟಿಹೋಯಿತಾ? ನೀವೇ ನೋಡಿ. 'ಸ್ಕ್ಯಾನರ್ಸ್'ನಲ್ಲಿ ತಲೆ ಸಿಡಿಯುತ್ತದೆ. 'ಎ ಡೇಂಜರಸ್ ಮೆಥಡ್'ನಲ್ಲಿ ಮನಸ್ಸಿನ ಡಾಕ್ಟರುಗಳಾದ ಫ್ರಾಯ್ಡ್ ಮತ್ತು ಯೂಂಗ್ ಕೂತು ಬರೀ ಮಾತಾಡುತ್ತಾರೆ. 'ಡೆಡ್ ರಿಂಗರ್ಸ್'ನಲ್ಲಿ ಜೆರೆಮಿ ಐರನ್ಸ್ ಒಬ್ಬರೇ ಅವಳಿ ಡಾಕ್ಟರುಗಳು. ಇಬ್ಬರೂ ಒಂದೇ ಫ್ರೇಮಿನಲ್ಲಿ ಕಾಣುವ ಶಾಟ್‌ಗಳು ಕಡಿಮೆ. ಇವನ ಮಾತಿಗೆ ಅವನ ಮುಖ, ಅವನ ಮೌನಕ್ಕೆ ಇವನ ಮುಖ, ಹೀಗೆ ಕಟ್ ಮಾಡಿಯೇ ಇಬ್ಬರಿದ್ದಾರೆ ಅಂತ ನಂಬಿಸಬೇಕು. ಅದಕ್ಕೆ ಕೆನಡಾದ ಜಿನೀ ಪ್ರಶಸ್ತಿಯೂ ಬಂತು.

ಎಲ್ಲಕ್ಕಿಂತ ಜಾಸ್ತಿ ನಾನು ತೋರಿಸುವುದು 2007ರ 'ಈಸ್ಟರ್ನ್ ಪ್ರಾಮಿಸಸ್'ನ ಸ್ನಾನದಮನೆ ಹೊಡೆದಾಟ. ವಿಗೊ ಮಾರ್ಟೆನ್ಸನ್ ಟವೆಲ್ ಸುತ್ತಿ ಕೂತಿದ್ದಾರೆ. ಬಾಗಿದ ಚಾಕು ಹಿಡಿದ ಇಬ್ಬರು ನುಗ್ಗುತ್ತಾರೆ. ಸ್ವಲ್ಪ ಹೊತ್ತಿಗೆ ಟವೆಲ್ಲೂ ಇಲ್ಲ. ಇಂಥ ಫೈಟ್ ನಮ್ಮ ಕೈಗೆ ಬಂದರೆ ಸೆಕೆಂಡಿಗೆ ಮೂರು ಕಟ್ ಹಾಕಿ ಕಣ್ಣು ಕತ್ತಲೆ ಬರಿಸುತ್ತೇವೆ. ಪ್ರೊಡ್ಯೂಸರ್ ಕೇಳಿದರು ಅಂತ ನಾನೂ ಹಾಕಿದ್ದೇನೆ, ಸುಳ್ಳು ಯಾಕೆ? ಇಲ್ಲಿ ಹಾಗಿಲ್ಲ. ಯಾರು ಎಲ್ಲಿ ಬಿದ್ದರು, ಚಾಕು ಯಾರ ಕೈಲಿದೆ, ಎಲ್ಲ ಸ್ಪಷ್ಟ. ಬರಿಮೈ ಟೈಲ್ಸ್‌ಗೆ ಬಡಿದಾಗ ನಮಗೇ ಬೆನ್ನು ಚುರುಕ್ಕನ್ನುತ್ತದೆ.

ಕ್ರೋನೆನ್‌ಬರ್ಗ್ ಅಂಗಳ ಬಿಟ್ಟು ಸ್ಯಾಂಡರ್ಸ್ ಹೊರಗೂ ಹೋಗಿದ್ದಾರೆ. ಕಿಯಾನು ರೀವ್ಸ್ ನಟಿಸಿದ 'ಜಾನಿ ನೆಮಾನಿಕ್' ಒಂದು. ನನಗೆ ಮಜಾ ಅನ್ನಿಸುವುದು 2009ರ 'ಕೊರಲೈನ್'. ಕ್ರಿಸ್ಟೋಫರ್ ಮರ್ರಿ ಜೊತೆ ಸೇರಿ ಎಡಿಟ್ ಮಾಡಿದ್ದು. ಅದು ಗೊಂಬೆ ಸಿನಿಮಾ. ಗೊಂಬೆಯನ್ನು ಕೂದಲೆಳೆಯಷ್ಟು ಸರಿಸು, ಒಂದು ಫ್ರೇಮ್ ತೆಗೆ, ಮತ್ತೆ ಸರಿಸು. ಒಂದು ಸೆಕೆಂಡಿಗೆ 24 ಫ್ರೇಮ್. ಹಾಗಿರುವಾಗ ರಾಶಿ ಶೂಟ್ ಮಾಡಿ ಆಮೇಲೆ ಆರಿಸಿಕೊಳ್ಳೋಣ ಅನ್ನುವ ಮಾತೇ ಇಲ್ಲ. ಇಂಥ ಸಿನಿಮಾದಲ್ಲಿ ಮೊದಲು ಬರೀ ಸ್ಕೆಚ್‌ಗಳನ್ನು ರೆಕಾರ್ಡ್ ಆದ ಮಾತಿಗೆ ಜೋಡಿಸಿ ಕಟ್ ಮಾಡಿಕೊಳ್ಳುತ್ತಾರೆ. ಶಾಟ್ ಎಷ್ಟು ಉದ್ದ ಅಂತ ತೀರ್ಮಾನವಾದ ಮೇಲೆ ಗೊಂಬೆಗೆ ಕೈ ಹಚ್ಚುವುದು. ಎಡಿಟಿಂಗ್ ಮೊದಲು, ಶೂಟಿಂಗ್ ಆಮೇಲೆ! ಅವಳಿ ಡಾಕ್ಟರುಗಳ ಮೌನ ಅಳೆದ ಕೈಗೆ ಇದೂ ಒಗ್ಗಿತು.

ಮೊನ್ನೆ ಒಬ್ಬ ಹುಡುಗ ಇಷ್ಟೆಲ್ಲ ಕೇಳಿಸಿಕೊಂಡು, "ಹಾಗಾದ್ರೆ ನಮ್ಮ ಡೈರೆಕ್ಟರ್ ಜೊತೆನೇ ಇರ್ಲಾ ಸರ್?" ಅಂದ. "ಇರಪ್ಪ. ಆದ್ರೆ ಅವರು ಪ್ರತಿ ಸಲ ಬೇರೆ ಸಿನಿಮಾ ಮಾಡ್ತಾರಾ ನೋಡ್ಕೋ" ಅಂದೆ. ಸ್ವಲ್ಪ ಹೊತ್ತು ತಲೆ ಕೆರೆದುಕೊಂಡ. "ಮೂರು ಸಿನಿಮಾದಲ್ಲೂ ಹೀರೋ ಎಂಟ್ರಿಗೆ ಅದೇ ಕಟ್‌ಗಳಿರೋ ಟೈಮ್‌ಲೈನ್ ಕಾಪಿ ಮಾಡಿದ್ದೀನಿ ಸರ್" ಅಂದ.