ಟಾಮಿ ಮಾರಿಸ್ ಊರಿನಲ್ಲಿ ಒಂದು ಭಾನುವಾರ

ಸ್ಕಾಟ್ಲೆಂಡಿನ ಸೇಂಟ್ ಆಂಡ್ರೂಸ್ ಊರಿಗೆ ರೈಲು ಹೋಗುವುದಿಲ್ಲ. ಲೂಕರ್ಸ್ ಸ್ಟೇಷನ್‌ನಲ್ಲಿ ಇಳಿದು ಬಸ್ ಹತ್ತಬೇಕು. ನಾನು ಭಾನುವಾರವೇ ಹೋದೆ. ಅಂದು ಅಲ್ಲಿನ ಹೆಸರಾಂತ ಗಾಲ್ಫ್ ಮೈದಾನ ಓಲ್ಡ್ ಕೋರ್ಸ್‌ನಲ್ಲಿ ಸಾಮಾನ್ಯವಾಗಿ ಆಟ ಇರುವುದಿಲ್ಲ, ಯಾರು ಬೇಕಾದರೂ ಹುಲ್ಲಿನ ಮೇಲೆ ನಡೆದಾಡಬಹುದು. ಆದರೆ ಬಸ್ ಇಳಿದವನು ಮೊದಲು ಹೋಗಿದ್ದು ಮೈದಾನಕ್ಕಲ್ಲ, ಊರಿನ ಇನ್ನೊಂದು ತುದಿಯಲ್ಲಿರುವ ಪಾಳು ಕೆಥೆಡ್ರಲ್‌ಗೆ. ಅಲ್ಲಿನ ಸ್ಮಶಾನದ ಗೋಡೆಯಲ್ಲಿ ಹಳೇ ಕಾಲದ ಗಾಲ್ಫ್ ಆಟಗಾರ ಟಾಮಿ ಮಾರಿಸ್ ಇದ್ದಾನೆ.

ಕಲ್ಲಿನಲ್ಲಿ ಕೆತ್ತಿದ ಆಳೆತ್ತರದ ಹುಡುಗ. ತಲೆ ಮೇಲೆ ಸ್ಕಾಟಿಷ್ ಟೋಪಿ, ಮೈಮೇಲೆ ಕೋಟು, ಕೈಯಲ್ಲಿ ಕ್ಲಬ್, ಅಂದರೆ ಚೆಂಡು ಹೊಡೆಯುವ ಕೋಲು. ಚೆಂಡಿನ ಮೇಲೆ ಸ್ವಲ್ಪ ಬಾಗಿ ನಿಂತಿದ್ದಾನೆ. 60 ಗಾಲ್ಫ್ ಸಂಘಗಳು ದುಡ್ಡು ಹಾಕಿ ಮಾಡಿಸಿದ ಸ್ಮಾರಕ ಇದು. ಅವನು ಹುಟ್ಟಿದ್ದು 1851ರ ಏಪ್ರಿಲ್‌ನಲ್ಲಿ, ತೀರಿಕೊಂಡಿದ್ದು 1875ರ ಕ್ರಿಸ್‌ಮಸ್ ದಿನ. 24 ವರ್ಷ. ನಾನು ಆ ಕಲ್ಲಿನ ಮುಂದೆ ತುಂಬಾ ಹೊತ್ತು ನಿಂತಿದ್ದೆ.

ಟಾಮಿಯ ಹೆಸರನ್ನು ನಾನು ಮೊದಲು ಕೇಳಿದ್ದು ನಮ್ಮ ಮಾವನ ಬಾಯಲ್ಲಿ. ಮಾವ ಬೆಂಗಳೂರಿನ ಒಂದು ಗಾಲ್ಫ್ ಮೈದಾನದಲ್ಲಿ ಕ್ಯಾಡಿಯಾಗಿದ್ದರು. ಇನ್ನೊಬ್ಬರ ಚೀಲ ಹೊತ್ತು, ಇನ್ನೊಬ್ಬರ ಚೆಂಡು ಹುಡುಕಿ ಮನೆ ನಡೆಸಿದವರು. ಯಾವ ಹೊಡೆತಕ್ಕೆ ಯಾವ ಕ್ಲಬ್ ಅಂತ ಅವರಷ್ಟು ಚೆನ್ನಾಗಿ ಬಲ್ಲವರು ಆ ಮೈದಾನದಲ್ಲಿ ಕಡಿಮೆ. ಆದರೂ ಕ್ಲಬ್‌ನ ಕಟ್ಟಡದ ಒಳಗಿನ ಹಾಲ್ ಹೇಗಿದೆ ಅಂತ ಅವರಿಗೆ ಗೊತ್ತಿರಲಿಲ್ಲ. ಸೇಂಟ್ ಆಂಡ್ರೂಸ್‌ನ ಮಾರಿಸ್ ಮನೆತನದ ಕಥೆಯೂ ಇದೇ ಬಗೆಯದು. ನನ್ನನ್ನು ಅಲ್ಲಿಗೆ ಎಳೆದಿದ್ದೂ ಅದೇ.

ಟಾಮಿಯ ಅಪ್ಪ, ಹಿರಿಯ ಟಾಮ್ ಮಾರಿಸ್, ಚೆಂಡು ಮಾಡುವ ಕಸುಬು ಕಲಿತವರು. ಚರ್ಮದೊಳಗೆ ಗರಿ ತುಂಬಿ ಹೊಲಿಯುವ ಚೆಂಡು. ಅವರ ಗುರು ಆಲನ್ ರಾಬರ್ಟ್‌ಸನ್. ಗಾಲ್ಫ್ ಆಡಿಯೇ ಹೆಸರು ಮಾಡಿದ ಮೊದಲಿಗರಲ್ಲಿ ಅವರೊಬ್ಬರು. ಗಟ್ಟಾಪರ್ಚಾ ಎಂಬ ಮರದ ಅಂಟಿನಿಂದ ಮಾಡಿದ ಅಗ್ಗದ ಚೆಂಡು ಬಂದಾಗ ಗುರು ಶಿಷ್ಯರಿಗೆ ಜಗಳವಾಯಿತು. ಟಾಮ್ ಹೆಂಡತಿ ಮತ್ತು ಕೂಸನ್ನು ಕರೆದುಕೊಂಡು ಪ್ರೆಸ್ಟ್‌ವಿಕ್‌ಗೆ ಹೋದರು, ಅಲ್ಲಿನ ಮೈದಾನ ನೋಡಿಕೊಳ್ಳುವ ಕೆಲಸಕ್ಕೆ. ಗಾಲ್ಫ್ ಆಟದ ದೊಡ್ಡ ಸ್ಪರ್ಧೆಯಾದ ಓಪನ್‌ನ ಮೊದಲ ಚಾಂಪಿಯನ್‌ಶಿಪ್ ನಡೆದಿದ್ದು ಅಲ್ಲೇ, 1860ರ ಅಕ್ಟೋಬರ್‌ನಲ್ಲಿ. ಆಡಿದವರು ಎಂಟೇ ಜನ. ಗೆದ್ದದ್ದು ವಿಲ್ಲಿ ಪಾರ್ಕ್. ಆ ಸಲ ಗೆದ್ದವನಿಗೆ ಕೆಂಪು ಚರ್ಮದ ಬೆಲ್ಟ್, ದುಡ್ಡಿಲ್ಲ. ಮುಂದೆ ಟಾಮ್ ನಾಲ್ಕು ಸಲ ಗೆದ್ದರು. ಸೇಂಟ್ ಆಂಡ್ರೂಸ್‌ಗೆ ವಾಪಸ್ ಬಂದಾಗ ಸಿಕ್ಕ ಸಂಬಳ ವರ್ಷಕ್ಕೆ 50 ಪೌಂಡ್.

ಟಾಮಿ 1868ರಲ್ಲಿ, 17ನೇ ವಯಸ್ಸಿಗೆ, ಅಪ್ಪನನ್ನೇ ಎರಡನೇ ಜಾಗಕ್ಕೆ ತಳ್ಳಿ ಓಪನ್ ಗೆದ್ದ. ಮರುವರ್ಷ ಮತ್ತೆ ಗೆದ್ದ. 1870ರಲ್ಲಿ ಮೊದಲ ಗುಳಿಗೆ ದೂರ 578 ಗಜ. ಮರದ ಕೋಲಿನ ಕ್ಲಬ್‌ನಲ್ಲಿ, ಆ ಗಟ್ಟಿ ಚೆಂಡನ್ನು, ಮೂರೇ ಹೊಡೆತಕ್ಕೆ ಒಳಗೆ ಹಾಕಿದ! ಅಂದು 36 ಗುಳಿಗಳಿಗೆ ಅವನ ಲೆಕ್ಕ 149. ಎರಡನೆಯವರಿಗಿಂತ 12 ಹೊಡೆತ ಕಡಿಮೆ; ಈ ಆಟದಲ್ಲಿ ಕಡಿಮೆ ಹೊಡೆದವನೇ ಗೆಲ್ಲುವುದು. ಸತತ ಮೂರು ಸಲ ಗೆದ್ದವನಿಗೆ ಬೆಲ್ಟ್ ಸ್ವಂತ ಎಂಬ ನಿಯಮವಿತ್ತು. ಅವನು ಮನೆಗೆ ಒಯ್ದ. ಕೊಡಲು ಬೇರೆ ಬಹುಮಾನವಿಲ್ಲದೆ 1871ರಲ್ಲಿ ಸ್ಪರ್ಧೆಯೇ ನಿಂತುಹೋಯಿತು. 1872ರಲ್ಲಿ ಮತ್ತೆ ಅವನೇ. ಇವತ್ತು ಓಪನ್ ಗೆದ್ದವರು ಎತ್ತಿ ಹಿಡಿಯುವ ಬೆಳ್ಳಿ ಹೂಜಿಯ ಮೇಲೆ ಮೊದಲ ಹೆಸರು ಅವನದು.

ನನಗೆ ಗೆಲುವಿಗಿಂತ ಜಾಸ್ತಿ ಹಿಡಿಸಿದ್ದು ಬೇರೆ. ಟಾಮಿ ಬರೀ ಆಟದಿಂದ ಬದುಕಿದ. ಚೀಲ ಹೊರಲಿಲ್ಲ, ಹುಲ್ಲು ನೋಡಿಕೊಳ್ಳುವ ನೌಕರಿ ಹಿಡಿಯಲಿಲ್ಲ. ಗೆಳೆಯ ಡೇವಿ ಸ್ಟ್ರಾತ್ ಗುಮಾಸ್ತೆ ಕೆಲಸ ಬಿಟ್ಟು ಅವನ ಜೊತೆ ಸೇರಿದ. ಇಬ್ಬರೂ ಎದುರಾದರೆ ಜನ ಗುಂಪುಗುಂಪಾಗಿ ಹಿಂದೆ ನಡೆಯುತ್ತಿದ್ದರು. ದುಡ್ಡಿಗೆ ಆಡುವವರನ್ನು ಕ್ಯಾಡಿಗಳ ಪೈಕಿ ಅಂತ ನೋಡುತ್ತಿದ್ದ ಕಾಲದಲ್ಲಿ ಅದು ಸಣ್ಣ ಧೈರ್ಯವಲ್ಲ.

1874ರಲ್ಲಿ ಅವನು ಮಾರ್ಗರೆಟ್ ಡ್ರಿನ್ನನ್‌ಳನ್ನು ಮದುವೆಯಾದ. ಗಣಿ ಕಾರ್ಮಿಕರ ಮನೆಯ ಹೆಣ್ಣು, ಮನೆಗೆಲಸ ಮಾಡಿದವಳು. ಮರುವರ್ಷ ಸೆಪ್ಟೆಂಬರ್‌ನಲ್ಲಿ ಅಪ್ಪ ಮಗ ನಾರ್ತ್ ಬೆರಿಕ್‌ನಲ್ಲಿ ಪಾರ್ಕ್ ಸಹೋದರರ ಎದುರು ಆಡುತ್ತಿದ್ದರು. ಹೆರಿಗೆ ಕಷ್ಟವಾಗಿದೆ ಅಂತ ತಂತಿ ಬಂತು. ರೈಲಿನಲ್ಲಿ ಸುತ್ತಿ ಹೋದರೆ ತಡವಾಗುತ್ತದೆಂದು ಯಾರೋ ಹಾಯಿದೋಣಿ ಕೊಟ್ಟರು. ಫೋರ್ತ್ ಕೊಲ್ಲಿ ದಾಟಿ ಮನೆ ಸೇರುವಷ್ಟರಲ್ಲಿ ತಾಯಿ, ಮಗು ಇಬ್ಬರೂ ಹೋಗಿದ್ದರು. ಅದಾದ ಮೇಲೂ ಟಾಮಿ ಹಿಮ ಬಿದ್ದ ಮೈದಾನದಲ್ಲಿ ದಿನಗಟ್ಟಲೆ ಒಂದು ಪಣದ ಪಂದ್ಯ ಆಡಿದ. ಕ್ರಿಸ್‌ಮಸ್ ಬೆಳಿಗ್ಗೆ ಹಾಸಿಗೆಯಲ್ಲೇ ಹೋದ. ಶ್ವಾಸಕೋಶದಲ್ಲಿ ರಕ್ತಸ್ರಾವ. ಎದೆ ಒಡೆದು ಸತ್ತ ಅಂತ ಊರು ಮಾತಾಡಿತು. ಎದೆ ಒಡೆದು ಸಾಯುವುದಾದರೆ ನಾನು ಇಷ್ಟು ಹೊತ್ತಿಗೆ ಇರುತ್ತಿರಲಿಲ್ಲ ಅಂತ ಅಪ್ಪ ಅಂದರಂತೆ. ಆ ಅಪ್ಪ 1908ರವರೆಗೆ ಬದುಕಿದರು. ಹೆಂಡತಿ, ಮಕ್ಕಳು ಎಲ್ಲರನ್ನೂ ಮಣ್ಣು ಮಾಡಿದ ಮೇಲೆ.

ಮಧ್ಯಾಹ್ನ ಮೈದಾನಕ್ಕೆ ಬಂದೆ. ನಾಯಿ ಹಿಡಿದುಕೊಂಡವರು, ಮಕ್ಕಳು, ಮುದುಕರು, ಎಲ್ಲರೂ ಸುಮ್ನೆ ಅಡ್ಡಾಡುತ್ತಿದ್ದರು. ಭಾನುವಾರದ ಈ ಬಿಡುವನ್ನು ಕಾಪಾಡಿದವರಲ್ಲಿ ಹಿರಿಯ ಟಾಮ್ ಕೂಡ ಒಬ್ಬರು. ನಿಮಗೆ ವಿಶ್ರಾಂತಿ ಬೇಡದಿದ್ದರೂ ಹುಲ್ಲಿಗೆ ಬೇಕು ಅನ್ನುತ್ತಿದ್ದರಂತೆ. ಕೊನೆಯ ಗುಳಿಗೆ ಅವರದೇ ಹೆಸರು. ಪಕ್ಕದಲ್ಲೇ ಅವರ ಅಂಗಡಿ.

ಅಲ್ಲಿಂದಲೇ ಮಾವನಿಗೆ ವಿಡಿಯೋ ಕಾಲ್ ಮಾಡಿ, ಬೆಳಿಗ್ಗೆ ತೆಗೆದ ಟಾಮಿಯ ಫೋಟೋ ಕಳಿಸಿದೆ. ಬೆಂಗಳೂರು ಗಾಲ್ಫ್ ಕ್ಲಬ್ ಶುರುವಾಗಿದ್ದು 1876ರಲ್ಲಿ, ಈ ಹುಡುಗ ಹೋದ ಮರುವರ್ಷ ಅಂದೆ. ಮಾವ ಅದಕ್ಕೆ ಏನೂ ಹೇಳಲಿಲ್ಲ. ಫೋಟೋ ದೊಡ್ಡದು ಮಾಡಿ ಟಾಮಿಯ ಕೈ ನೋಡಿದರು, ಕಾಲು ನೋಡಿದರು. ಆಮೇಲೆ, 1868ರಲ್ಲಿ ಗೆದ್ದಾಗ ಕೈಗೆ ಎಷ್ಟು ಕೊಟ್ಟರು ಅಂತ ಕೇಳಿದರು. ಆರು ಪೌಂಡ್ ಅಂದೆ. ಅವನ ಕ್ಯಾಡಿಗೆ ಎಷ್ಟು ಸಿಕ್ಕಿತು ಅನ್ನುವುದು ಅವರ ಮುಂದಿನ ಪ್ರಶ್ನೆ.