ಎಡಗೈಯವನು ಸುಮ್ಮನೆ ಕೂತಿದ್ದ ರಾತ್ರಿ

2014ರ ಸೆಪ್ಟೆಂಬರ್ 9, ಬೆಳಗಿನ ಜಾವ. ನ್ಯೂಯಾರ್ಕಿನಲ್ಲಿ ಅದಿನ್ನೂ ಸೋಮವಾರ ಸಂಜೆ. ಟಿವಿ ಸೌಂಡ್ ಪೂರ್ತಿ ಕಮ್ಮಿ ಮಾಡಿ ಯುಎಸ್ ಓಪನ್ ಫೈನಲ್ ನೋಡುತ್ತಾ ಕೂತಿದ್ದೆ. ಒಳಗಿನಿಂದ ಅಪ್ಪ ಶಾಲು ಹೊದ್ದು ಬಂದರು.

"ನಮ್ಮ ಎಡಗೈಯವನು ಎಲ್ಲೋ?" ಅಂದರು.

ಆಡುತ್ತಿದ್ದವರು ಮರಿನ್ ಸಿಲಿಕ್ ಮತ್ತು ಕೆಯ್ ನಿಶಿಕೋರಿ. ಅಪ್ಪ ಕೇಳಿದ್ದು ಸಿಲಿಕ್‌ನ ಕೋಚ್ ಗೊರಾನ್ ಇವಾನಿಸೆವಿಚ್ ಬಗ್ಗೆ.

ಅಪ್ಪನಿಗೆ ಟೆನಿಸ್ ಹತ್ತಿಸಿದ್ದೇ ಅವನು. 2001ರ ಜುಲೈ 9. ಮಳೆಯಿಂದಾಗಿ ವಿಂಬಲ್ಡನ್ ಫೈನಲ್ ಸೋಮವಾರಕ್ಕೆ ಹೋಗಿತ್ತು. ಅಪ್ಪ ಕೆಲಸ ಮುಗಿಸಿ ಬಂದು, ಚಪ್ಪಲಿ ಬಿಟ್ಟವರು ಹಾಗೇ ಟಿವಿ ಮುಂದೆ ನಿಂತರು. ಇವನು ಮೂರು ಸಲ ಇದೇ ಫೈನಲ್‌ನಲ್ಲಿ ಸೋತವನು, ಈಗ ರ‍್ಯಾಂಕಿಂಗ್ 125, ಆಯೋಜಕರು ವೈಲ್ಡ್ ಕಾರ್ಡ್ ಅಂತ ವಿಶೇಷ ಪ್ರವೇಶ ಕೊಟ್ಟಿದ್ದಕ್ಕೆ ಆಡ್ತಿದ್ದಾನೆ ಅಂತ ಹೇಳಿದೆ. ಅಷ್ಟೇ ಸಾಕಾಯಿತು, ಅಪ್ಪ ಅವನ ಪಕ್ಷ ಸೇರಿಬಿಟ್ಟರು.

ಐದನೇ ಸೆಟ್‌ನಲ್ಲಿ 8-7. ಗೊರಾನ್ ಸರ್ವ್. ಗೆಲ್ಲೋಕೆ ಒಂದೇ ಪಾಯಿಂಟ್. ಎರಡು ಸಲ ಹೊಡೆದ ಸರ್ವೂ ತಪ್ಪಿತು: ಡಬಲ್ ಫಾಲ್ಟ್. ಮತ್ತೊಂದು ಅವಕಾಶ. ಮತ್ತೆ ಡಬಲ್ ಫಾಲ್ಟ್. ಕೈ ಮುಗಿದು ಆಕಾಶ ನೋಡುತ್ತಿದ್ದ, ಕಣ್ಣಲ್ಲಿ ನೀರು. ಮೂರನೆಯದಕ್ಕೆ ಎದುರಾಳಿ ರಾಫ್ಟರ್ ಅವನ ತಲೆ ಮೇಲಿಂದ ಚೆಂಡು ದಾಟಿಸಿದ. "ಪಾಪ, ಕೈ ನಡುಗ್ತಿದೆ ಕಣೋ" ಅಂದ ಅಪ್ಪನ ದನಿಯೂ ನಡುಗುತ್ತಿತ್ತು. ಅಮ್ಮ ಕೊಟ್ಟ ಕಾಫಿ ಕೈಯಲ್ಲೇ ಆರಿತ್ತು. ನಾಲ್ಕನೆಯದು ರಾಫ್ಟರ್ ಹೊಡೆದಾಗ ನೆಟ್‌ಗೆ ಹೋಯಿತು. ಗೊರಾನ್ ಹುಲ್ಲಿನ ಮೇಲೆ ಬೋರಲು ಬಿದ್ದ. ಆಮೇಲೆ ಗ್ಯಾಲರಿ ಹತ್ತಿ ಹೋಗಿ ತನ್ನ ಅಪ್ಪನನ್ನು ತಬ್ಬಿಕೊಂಡ. ನಮ್ಮಪ್ಪ ಕನ್ನಡಕ ತೆಗೆದು ಒರೆಸಿಕೊಂಡರು.

ಅಂಥ ಮನುಷ್ಯ ಈಗ ಗ್ಯಾಲರಿಯಲ್ಲಿ ಕೂತಿದ್ದ. ಆಗೆಲ್ಲ ಗ್ರ್ಯಾಂಡ್ ಸ್ಲಾಂನಲ್ಲಿ ಕೋಚ್ ಅಲ್ಲಿಂದ ಒಂದು ಮಾತೂ ಹೇಳುವ ಹಾಗಿರಲಿಲ್ಲ. ಸರ್ವ್ ಬೇರೆಯವರದು, ಎದೆಬಡಿತ ತನ್ನದು. ಸೋಲಿನ ಭಯ ಅವನಷ್ಟು ಗೊತ್ತಿದ್ದವರು ಎಷ್ಟು ಜನ ಇದ್ದಾರು? ಸಿಲಿಕ್ ಇನ್ನೂ ಹುಡುಗನಾಗಿದ್ದಾಗಲೇ ಅವನ ಆಟ ನೋಡಿ, ತನಗೆ ಕಲಿಸಿದ ಬಾಬ್ ಬ್ರೆಟ್ ಹತ್ತಿರ ಕಳಿಸಿದ್ದವನು ಗೊರಾನ್. 2013ರಲ್ಲಿ ತಾನೇ ಕೋಚ್ ಆದ. ಆರೂವರೆ ಅಡಿ ಎತ್ತರದ ಹುಡುಗ ಸರ್ವ್‌ನಲ್ಲೇ ಪಾಯಿಂಟ್ ಕಿತ್ತುಕೊಳ್ಳಬೇಕು, ಧೈರ್ಯವಾಗಿ ಮುಂದೆ ನುಗ್ಗಬೇಕು ಅನ್ನೋದು ಅವನ ಹಟ. ಸೆಮಿಫೈನಲ್‌ನಲ್ಲಿ ಫೆಡರರ್ ಒಂದು ಸೆಟ್ಟೂ ಗೆಲ್ಲದೆ ಸೋತಾಗಲೇ ಅದರ ಫಲ ಕಂಡಿತ್ತು. ಮುಂದೆ ಜೊಕೊವಿಚ್ ಕೂಡ ಕೋಚ್ ಬೇಕೆಂದು ಗೊರಾನ್‌ನನ್ನೇ ಹುಡುಕಿಕೊಂಡು ಬಂದ.

ಫೈನಲ್ ಎರಡು ಗಂಟೆಯೂ ಹಿಡಿಯಲಿಲ್ಲ. 6-3, 6-3, 6-3. ಕೊನೆ ಪಾಯಿಂಟ್ ಆದಮೇಲೆ ಸಿಲಿಕ್ ಕೋರ್ಟ್ ಮೇಲೆ ಅಂಗಾತ ಬಿದ್ದ. ಅಪ್ಪ ಅವನನ್ನು ನೋಡಲೇ ಇಲ್ಲ.

"ಆ ಮೇಲ್ಗಡೆ ಕೂತೋರನ್ನ ತೋರಿಸ್ತಾರೇನೋ, ನೋಡು" ಅಂತ ಶಾಲು ಸರಿಮಾಡಿಕೊಂಡು ಟಿವಿ ಹತ್ತಿರಕ್ಕೆ ಜರುಗಿ ಕೂತರು.