ನಾಲ್ಕೋ, ಹದಿನಾಲ್ಕೋ, ಸೊನ್ನೆಯೋ?

ಧಾರವಾಡದ ಸಪ್ತಾಪುರದಲ್ಲಿ ನಾನು ಸ್ಪರ್ಧಾತ್ಮಕ ಪರೀಕ್ಷೆಗೆ ಓದುವ ಹುಡುಗ ಹುಡುಗಿಯರಿಗೆ ಜಿಕೆ ಪಾಠ ಮಾಡುತ್ತೇನೆ. ರೋಣ, ಶಿಗ್ಗಾವಿ, ಬ್ಯಾಡಗಿ, ನರಗುಂದ ಅಂತ ಎಲ್ಲ ಕಡೆಯಿಂದ ಬರುತ್ತಾರೆ. ಎಫ್‌ಡಿಎ, ಎಸ್‌ಡಿಎ (ಎರಡೂ ಸರ್ಕಾರಿ ಕಚೇರಿಯ ಗುಮಾಸ್ತರ ಹುದ್ದೆ), ಪಿಎಸ್‌ಐ, ಕೆಎಎಸ್ ಅಂತ ರೂಮು ಮಾಡಿಕೊಂಡು ವರ್ಷಗಟ್ಟಲೆ ಇಲ್ಲೇ ಇರುತ್ತಾರೆ. ಸಿನಿಮಾ ಪ್ರಶಸ್ತಿಗಳಿಗೆ ನಾನು ಕೊಡುವುದು ಒಂದೇ ತಾಸು. ಆದರೆ ಆ ತಾಸಿನಲ್ಲಿ ಚಿತ್ರ ನಿರ್ದೇಶಕ ಗಿರೀಶ ಕಾಸರವಳ್ಳಿ ಅವರ ಬಗ್ಗೆ ಹುಟ್ಟಿದ ಒಂದು ಪ್ರಶ್ನೆ ವರ್ಷವಿಡೀ ನನ್ನ ಬೆನ್ನು ಬಿಡುವುದಿಲ್ಲ. ಕ್ಲಾಸಿನಲ್ಲಿ ಕೇಳುತ್ತಾರೆ, ಖಾನಾವಳಿಯಲ್ಲಿ ರೊಟ್ಟಿ ಮುರಿಯುವಾಗ ಕೇಳುತ್ತಾರೆ, ರಾತ್ರಿ ಹನ್ನೊಂದಕ್ಕೆ ವಾಟ್ಸಾಪಿನಲ್ಲಿ ಕೇಳುತ್ತಾರೆ.

“ಸರ್, ಗಿರೀಶ ಕಾಸರವಳ್ಳಿ ಅವ್ರಿಗೆ ನ್ಯಾಷನಲ್ ಅವಾರ್ಡ್ ಎಷ್ಟ್ರಿ? ಒಂದ್ ಪುಸ್ತಕದಾಗ ನಾಕ್ ಅಂತೈತಿ, ಇನ್ನೊಂದ್ರಾಗ ಹದಿನಾಕ್ ಅಂತೈತಿ. ಯಾವುದು ಶೇಡ್ ಮಾಡೂದ್ರಿ?”

ಎರಡೂ ಸರಿ. ಪ್ರಶ್ನೆಯನ್ನು ಸ್ವಲ್ಪ ತಿರುಗಿಸಿ ಕೇಳಿದರೆ ಸೊನ್ನೆ ಅನ್ನುವುದೂ ಸರಿ. ಹೀಗೆಂದರೆ ಹುಡುಗರಿಗೆ ಸಿಟ್ಟು ಬರುತ್ತದೆ. ನೆಗೆಟಿವ್ ಮಾರ್ಕಿಂಗ್ ಇರುವ ಪರೀಕ್ಷೆ ಬರೆಯುವವರಿಗೆ ‘ಎರಡೂ ಸರಿ’ ಅನ್ನುವ ಮೇಷ್ಟ್ರು ಯಾತಕ್ಕೆ ಬೇಕು, ಹೇಳಿ. ಅದಕ್ಕೇ ಒಮ್ಮೆ ಕೂತು ಬರೆದುಬಿಡುತ್ತಿದ್ದೇನೆ. ಮುಂದೆ ಯಾರಾದರೂ ಕೇಳಿದರೆ ಇದನ್ನೇ ಕಳಿಸುತ್ತೇನೆ.

ಮೊದಲು ನನ್ನ ತಪ್ಪು ಹೇಳಿಬಿಡುತ್ತೇನೆ. ಕೆಲವು ವರ್ಷಗಳ ಹಿಂದೆ ಭಾನುವಾರದ ಟೆಸ್ಟಿಗೆ ನಾನೇ ಈ ಪ್ರಶ್ನೆ ಹಾಕಿದ್ದೆ. ಆಯ್ಕೆಗಳಲ್ಲಿ 4 ಇತ್ತು, 14 ಕೂಡ ಇತ್ತು. ಕೀ ಉತ್ತರ 4. ಪ್ರಶ್ನೆಯಲ್ಲಿ ‘ಅತ್ಯುತ್ತಮ ಚಿತ್ರದ ಸ್ವರ್ಣಕಮಲ’ ಅಂತ ಬರೆಯಬೇಕಿತ್ತು, ಅವಸರದಲ್ಲಿ ಸುಮ್ನೆ ‘ರಾಷ್ಟ್ರಪ್ರಶಸ್ತಿ’ ಅಂತ ಬರೆದಿದ್ದೆ. ರೋಣದ ಕಡೆಯ ಹುಡುಗನೊಬ್ಬ ಎದ್ದು ನಿಂತ. “ಸರ್, ಹದಿನಾಕ್ ಅಂತ ನೀವ ಬರಿಸೀರಿ” ಅಂತ ನೋಟ್ಸ್ ಬಿಚ್ಚಿ ತೋರಿಸಿದ. ಹೌದು, ನಾನೇ ಬರೆಸಿದ್ದೆ. ಎಲ್ಲರಿಗೂ ಒಂದು ಗ್ರೇಸ್ ಮಾರ್ಕು ಕೊಟ್ಟು ಪಾರಾದೆ.

ಈಗ ಆ ನಾಲ್ಕರ ಲೆಕ್ಕ. ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಎಲ್ಲಕ್ಕಿಂತ ದೊಡ್ಡದು ವರ್ಷದ ಅತ್ಯುತ್ತಮ ಕಥಾಚಿತ್ರಕ್ಕೆ ಕೊಡುವ ಸ್ವರ್ಣಕಮಲ. ಅದು ಕಾಸರವಳ್ಳಿ ಅವರ ಚಿತ್ರಗಳಿಗೆ ನಾಲ್ಕು ಸಲ ಬಂದಿದೆ: 1977ರ ‘ಘಟಶ್ರಾದ್ಧ’, 1986ರ ‘ತಬರನ ಕಥೆ’, 1997ರ ‘ತಾಯಿ ಸಾಹೇಬ’, 2001ರ ‘ದ್ವೀಪ’. ‘ಘಟಶ್ರಾದ್ಧ’ ಅವರ ಮೊದಲ ಕಥಾಚಿತ್ರ. ಆಗ ಅವರಿಗೆ ಇನ್ನೂ ಮೂವತ್ತು ತುಂಬಿರಲಿಲ್ಲ.

ನಾಲ್ಕು ಅಂದರೆ ಎಷ್ಟು ದೊಡ್ಡದು ಅಂತ ತಿಳಿಯಬೇಕಾದರೆ ಕನ್ನಡದ ಒಟ್ಟು ಲೆಕ್ಕ ನೋಡಬೇಕು. ಈ ಪ್ರಶಸ್ತಿ ಕನ್ನಡಕ್ಕೆ ಬಂದಿರುವುದು ಆರು ಸಲ. 1970ರ ‘ಸಂಸ್ಕಾರ’, 1975ರ ‘ಚೋಮನ ದುಡಿ’, ಆಮೇಲೆ ಈ ನಾಲ್ಕು. ಆರರಲ್ಲಿ ನಾಲ್ಕು ಒಬ್ಬರವೇ! ‘ಸಂಸ್ಕಾರ’ ಕಾದಂಬರಿಯನ್ನು ಪುಸ್ತಕವಾಗಿ ತಂದದ್ದು ನಮ್ಮ ಧಾರವಾಡದ ಮನೋಹರ ಗ್ರಂಥಮಾಲೆ. ಈ ಮಾತನ್ನು ಕ್ಲಾಸಿನಲ್ಲಿ ನಾನು ಪ್ರತಿ ಸಲವೂ ಹೇಳುತ್ತೇನೆ. ಸಿಲಬಸ್ಸಿನಲ್ಲಿ ಇಲ್ಲ, ಆದರೂ ಹೇಳುತ್ತೇನೆ.

ಇಲ್ಲಿ ಒಂದು ಸೂಕ್ಷ್ಮ ಇದೆ. ಅತ್ಯುತ್ತಮ ಚಿತ್ರದ ಕಮಲ ನಿರ್ದೇಶಕರೊಬ್ಬರದೇ ಅಲ್ಲ, ನಿರ್ಮಾಪಕರಿಗೂ ಸಿಗುತ್ತದೆ. ‘ತಾಯಿ ಸಾಹೇಬ’ದ ನಿರ್ಮಾಪಕಿ ಜಯಮಾಲಾ, ‘ದ್ವೀಪ’ದ ನಿರ್ಮಾಪಕಿ ಸೌಂದರ್ಯ. ಇಬ್ಬರೂ ಮುಖ್ಯ ಪಾತ್ರವನ್ನೂ ಮಾಡಿದವರು. ಕಮರ್ಷಿಯಲ್ ಸಿನಿಮಾದಲ್ಲಿ ಹೆಸರು ಮಾಡಿದ ಇಬ್ಬರು ನಟಿಯರು ಕೈಯಿಂದ ದುಡ್ಡು ಹಾಕಿ ಇಂಥ ಚಿತ್ರ ಮಾಡಿಸಿದರು ಅನ್ನುವುದು ನನಗೆ ಕಮಲದಷ್ಟೇ ದೊಡ್ಡ ಸಂಗತಿ. ಯಾವ ಗೈಡಿನಲ್ಲೂ ಇದನ್ನು ಪ್ರಶ್ನೆ ಮಾಡಿದ್ದು ನೋಡಿಲ್ಲ. ‘ತಾಯಿ ಸಾಹೇಬ’ ಬೇರೆ ನಮ್ಮ ಉತ್ತರ ಕರ್ನಾಟಕದ ವಾಡೆಯ ಕತೆ, ರಂ. ಶಾ. ಲೋಕಾಪುರ ಅವರ ಕಾದಂಬರಿ. ಆ ಚಿತ್ರದ ಉಡುಗೆಗಳಿಗೆ ಗಿರೀಶರ ಪತ್ನಿ ವೈಶಾಲಿ ಕಾಸರವಳ್ಳಿ ಅವರಿಗೂ ರಾಷ್ಟ್ರಪ್ರಶಸ್ತಿ ಬಂತು. ಒಂದೇ ಮನೆಗೆ ಒಂದೇ ಚಿತ್ರದಿಂದ ಎರಡು.

ಇಲ್ಲಿಂದಲೇ ಲೆಕ್ಕ ಕಲಸುಮೇಲೋಗರ ಆಗುವುದು. ವೈಶಾಲಿ ಅವರ ಪ್ರಶಸ್ತಿಯನ್ನು ಗಿರೀಶರ ಖಾತೆಗೆ ಹಾಕುವ ಹಾಗಿಲ್ಲ. ‘ಘಟಶ್ರಾದ್ಧ’ದ ಸಂಗೀತಕ್ಕೆ ಬಂದದ್ದು ಬಿ.ವಿ. ಕಾರಂತರದು. ‘ತಬರನ ಕಥೆ’ಗೆ ಚಾರುಹಾಸನ್, ‘ಹಸೀನಾ’ಗೆ ತಾರಾ, ‘ಗುಲಾಬಿ ಟಾಕೀಸ್’ಗೆ ಉಮಾಶ್ರೀ, ಮೂವರಿಗೂ ನಟನೆಯ ರಾಷ್ಟ್ರಪ್ರಶಸ್ತಿ ಬಂದಿದೆ. ‘ದ್ವೀಪ’ದ ಮಳೆಯನ್ನು ಹಿಡಿದ ಎಚ್.ಎಂ. ರಾಮಚಂದ್ರ ಅವರಿಗೆ ಛಾಯಾಗ್ರಹಣದ್ದು. ಇವನ್ನೆಲ್ಲ ಕೂಡಿಸಿದರೆ ಲೆಕ್ಕ ಹದಿನಾಲ್ಕನ್ನೂ ದಾಟಿ ಹೋಗುತ್ತದೆ.

ಹಾಗಾದರೆ ಎಲ್ಲರೂ ಹೇಳುವ 14 ಯಾವುದು? ಅದು ನಿರ್ದೇಶಕರಾಗಿ, ಚಿತ್ರಕಥೆ ಬರೆದವರಾಗಿ ಅವರ ಪಾಲಿಗೆ ಬಂದವುಗಳ ಮೊತ್ತ. ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಓದುವಾಗ ಮಾಡಿದ ‘ಅವಶೇಷ’ ಅನ್ನುವ ಕಿರುಚಿತ್ರದಿಂದಲೇ ಆ ಪಟ್ಟಿ ಶುರುವಾಗುತ್ತದೆ. ನಾಲ್ಕು ಸ್ವರ್ಣಕಮಲ ಅದರಲ್ಲಿ ಸೇರಿವೆ. ಮತ್ತೆ ಅತ್ಯುತ್ತಮ ಕನ್ನಡ ಚಿತ್ರ ಅಂತ ಕೊಡುವ ರಜತಕಮಲಗಳು: ‘ಗುಲಾಬಿ ಟಾಕೀಸ್’, ‘ಕನಸೆಂಬೋ ಕುದುರೆಯನೇರಿ’, ‘ಕೂರ್ಮಾವತಾರ’ ಹೀಗೆ. ‘ಕನಸೆಂಬೋ ಕುದುರೆಯನೇರಿ’ಯ ಚಿತ್ರಕಥೆಗೆ ಗೋಪಾಲಕೃಷ್ಣ ಪೈ ಅವರ ಜೊತೆ ಬಂದದ್ದು ಬೇರೆ. 2011ರ ಪದ್ಮಶ್ರೀಯನ್ನು ದಯವಿಟ್ಟು ಇದಕ್ಕೆ ಕೂಡಿಸಬೇಡಿ. ಅದು ನಾಗರಿಕ ಗೌರವ, ಸಿನಿಮಾ ಪ್ರಶಸ್ತಿ ಅಲ್ಲ. ಹಾಗೆ ಕೂಡಿಸಿ ಹದಿನೈದು ಮಾಡಿಕೊಂಡು ಬಂದವರೂ ಇದ್ದಾರೆ.

ಇನ್ನು ಸೊನ್ನೆ. ಇದನ್ನು ಹೇಳಿದಾಗ ಕ್ಲಾಸು ಒಂದು ಕ್ಷಣ ನಂಬುವುದಿಲ್ಲ. ‘ಅತ್ಯುತ್ತಮ ನಿರ್ದೇಶಕ’ ಅನ್ನುವ ರಾಷ್ಟ್ರಪ್ರಶಸ್ತಿ ಬೇರೆಯೇ ಇದೆ. ಅದು ಕಾಸರವಳ್ಳಿ ಅವರಿಗೆ ಒಮ್ಮೆಯೂ ಬಂದಿಲ್ಲ. ನಾಲ್ಕು ಸಲ ದೇಶದ ಅತ್ಯುತ್ತಮ ಚಿತ್ರ ಮಾಡಿದವರು ಒಂದು ಸಲವೂ ಅತ್ಯುತ್ತಮ ನಿರ್ದೇಶಕರಲ್ಲ. ಯಾಕೆ ಅಂತ ನನ್ನನ್ನು ಕೇಳಬೇಡಿ. ಜ್ಯೂರಿಗಳು ಪ್ರತಿ ವರ್ಷ ಬದಲಾಗುತ್ತವೆ, ಎರಡು ದೊಡ್ಡ ಪ್ರಶಸ್ತಿಯನ್ನು ಒಂದೇ ಚಿತ್ರಕ್ಕೆ ಕೊಡುವುದು ಬೇಡ ಅಂತ ಅವರಿಗೆ ಅನ್ನಿಸಿರಬಹುದು. ಅದು ನನ್ನ ಊಹೆ ಅಷ್ಟೇ.

ಕನ್ನಡದ ಚಿತ್ರಕ್ಕೆ ಆ ನಿರ್ದೇಶನದ ಪ್ರಶಸ್ತಿ ಬಂದಿರುವುದೇ ಎರಡು ಸಲ. 1971ರ ‘ವಂಶವೃಕ್ಷ’ಕ್ಕೆ ಗಿರೀಶ ಕಾರ್ನಾಡ ಮತ್ತು ಬಿ.ವಿ. ಕಾರಂತ, 1976ರ ‘ಪಲ್ಲವಿ’ಗೆ ಪಿ. ಲಂಕೇಶ್. ಕಾರ್ನಾಡರು ಇಲ್ಲೇ ಕರ್ನಾಟಕ ಕಾಲೇಜಿನಲ್ಲಿ ಓದಿದವರು. ಹಾಗಾಗಿ ಇಬ್ಬರು ಗಿರೀಶರನ್ನು ಅದಲುಬದಲು ಮಾಡಿದ ಉತ್ತರಪತ್ರಿಕೆ ಧಾರವಾಡದಲ್ಲಿ ನೋಡಿದಾಗ ನನಗೆ ಜಾಸ್ತಿಯೇ ಬೇಜಾರಾಗುತ್ತದೆ. ‘ಗಿರೀಶ ಕಾರ್ನಾಡರ ತಬರನ ಕಥೆ’ ಅಂತ ಬರೆದವರಿದ್ದಾರೆ. ಅದರ ಕತೆ ಬರೆದ ಪೂರ್ಣಚಂದ್ರ ತೇಜಸ್ವಿ ಅವರನ್ನಂತೂ ಯಾರೂ ನೆನೆಯುವುದೇ ಇಲ್ಲ.

“ನಾಮಿನೇಷನ್ ಎಷ್ಟು ಸರ್?” ಅಂತಲೂ ಕೇಳುತ್ತಾರೆ. ಫಿಲ್ಮ್‌ಫೇರ್ ನೋಡಿ ಬಂದ ರೂಢಿ. ರಾಷ್ಟ್ರಪ್ರಶಸ್ತಿಯಲ್ಲಿ ಐದು ಹೆಸರು ಮೊದಲು ಹೇಳಿ, ಆಮೇಲೆ ಲಕೋಟೆ ಒಡೆಯುವ ಪದ್ಧತಿ ಇಲ್ಲ. ಜ್ಯೂರಿ ಚಿತ್ರ ನೋಡುತ್ತದೆ, ಗೆದ್ದವರನ್ನು ನೇರವಾಗಿ ಹೇಳುತ್ತದೆ. ಆದ್ದರಿಂದ ಆ ಪ್ರಶ್ನೆಗೆ ಉತ್ತರವೇ ಇಲ್ಲ. ಹಾಗೆಯೇ 2024ರಲ್ಲಿ ‘ಘಟಶ್ರಾದ್ಧ’ಕ್ಕೆ ವೆನಿಸ್‌ನಲ್ಲಿ ಪ್ರಶಸ್ತಿ ಬಂತು ಅಂತ ಬರೆದುಕೊಂಡಿದ್ದರೆ ಅಳಿಸಿ. ಹಳೆಯ ಚಿತ್ರವನ್ನು ಹೊಸದಾಗಿ ಸರಿಪಡಿಸಿ ಅಲ್ಲಿಯ ಕ್ಲಾಸಿಕ್ಸ್ ವಿಭಾಗದಲ್ಲಿ ತೋರಿಸಿದರು. ಅದು ಮರ್ಯಾದೆ, ಪ್ರಶಸ್ತಿ ಅಲ್ಲ.

ವರ್ಷದ ಗೊಂದಲ ಒಂದು ಉಳಿಯಿತು. ‘ದ್ವೀಪ’ 2001ರದೋ 2002ರದೋ? ಪ್ರಶಸ್ತಿ 2001ನೇ ಸಾಲಿನದು. ಆ ವರ್ಷದ ಜನವರಿಯಿಂದ ಡಿಸೆಂಬರ್ ಒಳಗೆ ಸೆನ್ಸಾರ್ ಆದ ಚಿತ್ರಗಳು ಸ್ಪರ್ಧೆಗೆ ಬರುತ್ತವೆ. ಘೋಷಣೆ ಮರುವರ್ಷ, ಟಾಕೀಸಿಗೆ ಬಂದದ್ದೂ 2002ರಲ್ಲಿ. ಪ್ರಶಸ್ತಿ ಅಂತ ಕೇಳಿದರೆ 2001, ಬಿಡುಗಡೆ ಅಂತ ಕೇಳಿದರೆ 2002.

ಇಷ್ಟೆಲ್ಲ ಬಾಯಿಪಾಠ ಮಾಡಿಸಿದ ಮೇಲೆ ಒಂದು ದಿನ ಕೇಳಿದೆ: ಈ ನಾಲ್ಕರಲ್ಲಿ ಒಂದನ್ನಾದರೂ ಯಾರು ನೋಡಿದ್ದೀರಿ? ಎಂಬತ್ತು ಜನರಲ್ಲಿ ಒಂದು ಕೈ ಏಳಲಿಲ್ಲ. ಮುಂದಿನ ಶನಿವಾರ ಪ್ರೊಜೆಕ್ಟರ್ ಹಚ್ಚಿ ‘ತಬರನ ಕಥೆ’ ಹಾಕಿದೆ. ನಿವೃತ್ತನಾದ ತಬರ ಪೆನ್ಶನ್‌ಗಾಗಿ ಕಚೇರಿಯಿಂದ ಕಚೇರಿಗೆ ಅಲೆಯುತ್ತಾನೆ. ಮನೆಯಲ್ಲಿ ಹೆಂಡತಿಯ ಕಾಲು ಸಕ್ಕರೆ ಕಾಯಿಲೆಯಿಂದ ಕೊಳೆಯುತ್ತಿದೆ. ಫೈಲು ಒಂದು ಟೇಬಲ್ಲಿನಿಂದ ಇನ್ನೊಂದಕ್ಕೆ ಹೋಗುತ್ತದೆ, ಎಲ್ಲೂ ಮುಗಿಯುವುದಿಲ್ಲ.

ಲೈಟು ಹಾಕಿದ ಮೇಲೆ ಹಿಂದಿನ ಬೆಂಚಿನ ಹಾವೇರಿ ಹುಡುಗ ಕೈ ಎತ್ತಿದ.

“ಸರ್, ಆ ಆಫೀಸಿನಾಗ ನಾಳೆ ಬಾ ಅಂತಾನಲ್ರಿ, ಅಂವ ಎಫ್‌ಡಿಎ ಏನ್ರಿ, ಎಸ್‌ಡಿಎ ಏನ್ರಿ?”

ಯಾರೂ ನಗಲಿಲ್ಲ. ಆ ವರ್ಷ ಅವನು ಎರಡಕ್ಕೂ ಅರ್ಜಿ ಹಾಕಿದ್ದ.